ಯುದ್ಧಭೂಮಿಯ ಸಾಕ್ಷ್ಯಚಿತ್ರದಲ್ಲಿ ಅಷ್ಟು ಹತ್ತಿರದ ದೃಶ್ಯ ಸಿಗುವುದು ಹೇಗೆ?

ಬೆಂಗಳೂರಿನ ಫಿಲ್ಮ್ ಸೊಸೈಟಿಯಲ್ಲಿ ‘ವಾರ್ ಫೋಟೋಗ್ರಾಫರ್’ ನೋಡಿ ಈ ಪ್ರಶ್ನೆ ಕೇಳಿದ್ದೀರಿ. ಉತ್ತರ ಸರಳ: ಫೋಟೋಗ್ರಾಫರ್ ಜೇಮ್ಸ್ ನಾಕ್ಟ್‌ವೇ ಅವರ ಸ್ಟಿಲ್ ಕ್ಯಾಮೆರಾದ ಮೇಲೆಯೇ ಒಂದು ಪುಟಾಣಿ ವಿಡಿಯೋ ಕ್ಯಾಮೆರಾ ಕೂರಿಸಿದ್ದರು. ಸ್ವಿಸ್ ನಿರ್ದೇಶಕ ಕ್ರಿಸ್ಟಿಯನ್ ಫ್ರೈ 2001ರಲ್ಲಿ ಮಾಡಿದ ಚಿತ್ರ ಅದು.

ಇಷ್ಟೆಲ್ಲ ತಾಪತ್ರಯ ಯಾಕೆ? ಕೆ.ಆರ್. ಮಾರ್ಕೆಟ್‌ನಲ್ಲಿ ಒಬ್ಬರು ಸುಮ್ನೆ ಫೋಟೋ ತೆಗೆದರೆ ಹೂ ಮಾರುವವರು ತಲೆ ಎತ್ತುವುದಿಲ್ಲ. ಹಿಂದೆ ಶೂಟಿಂಗ್ ತಂಡ ನಿಂತರೆ ಎಲ್ಲರೂ ಅತ್ತಲೇ ನೋಡುತ್ತಾರೆ, ಅಲ್ವಾ? ಚಿತ್ರದಲ್ಲಿ ಬರುವ ಕೊಸೊವೊದಲ್ಲಿ (ಯುರೋಪಿನ ಯುದ್ಧಪೀಡಿತ ಪ್ರದೇಶವಾಗಿತ್ತು) ಸಾವಿನ ಮನೆಯ ಮುಂದೆ ಅದು ಇನ್ನೂ ಜಾಸ್ತಿ. ಜನರ ವರ್ತನೆ ಬದಲಾದರೆ ಫೋಟೋನೂ ಕೆಡುತ್ತದೆ, ಸಾಕ್ಷ್ಯಚಿತ್ರವೂ ಕೆಡುತ್ತದೆ.

ಈ ಉಪಾಯದಿಂದ ಇನ್ನೊಂದು ಲಾಭ. ಶಟರ್ ಒತ್ತುವ ಬೆರಳು, ಎದುರಿಗಿರುವ ಮನುಷ್ಯ ಎರಡೂ ಒಂದೇ ಫ್ರೇಮಿನಲ್ಲಿ ಬರುತ್ತವೆ. ನಾಕ್ಟ್‌ವೇ ಯಾವಾಗ ಒತ್ತಿದರು, ಯಾವಾಗ ತಡೆದರು ಅಂತ ನಮಗೆ ಗೊತ್ತಾಗುತ್ತದೆ. ನನ್ನ ಪ್ರಕಾರ ಸಂದರ್ಶನಗಳಿಗಿಂತ ಇದೇ ಅವರ ಕೆಲಸವನ್ನು ಚೆನ್ನಾಗಿ ತೋರಿಸುತ್ತದೆ. ಆದರೆ ದಾರಿ ತೋರಿಸುವ, ಮಾತು ಅನುವಾದಿಸುವ ಸ್ಥಳೀಯರು ಇಂಥ ದೃಶ್ಯಗಳಲ್ಲಿ ಕಾಣುವುದು ಕಮ್ಮಿ.