50 ಲಕ್ಷ ಗೃಹಸಾಲಕ್ಕೆ ಕೊನೆಗೆ ನಿಜಕ್ಕೂ ಬೀಳುವುದೆಷ್ಟು?

ನೀವು ಕೇಳಿರುವುದು ಇಷ್ಟು: 50 ಲಕ್ಷ ಸಾಲ, ವರ್ಷಕ್ಕೆ ಶೇ 9 ಬಡ್ಡಿ, ದರ ಬದಲಾಗುವ ಬಗೆಯದು. ಅವಧಿ 20 ವರ್ಷವೋ 30 ವರ್ಷವೋ ನೀವೇ ಆರಿಸಿಕೊಳ್ಳಿ ಎಂದು ಬ್ಯಾಂಕಿನವರು ಹೇಳಿದ್ದಾರೆ. 30 ವರ್ಷಕ್ಕೆ ಕಂತು ಕಡಿಮೆ ಬರುತ್ತದೆ, ಹಾಗಾದರೆ ಅದೇ ಲಾಭವಲ್ಲವೇ? ಒಟ್ಟು ಖರ್ಚನ್ನು ಲೆಕ್ಕ ಹಾಕುವುದು ಹೇಗೆ?

ಮೊದಲು ಅಂಕಿ ನೋಡೋಣ. 15 ವರ್ಷಕ್ಕೆ ತಿಂಗಳ ಕಂತು 50,713. ಒಟ್ಟು ಬಡ್ಡಿ 41.28 ಲಕ್ಷ. 20 ವರ್ಷಕ್ಕೆ ಕಂತು 44,986, ಬಡ್ಡಿ 57.97 ಲಕ್ಷ. 30 ವರ್ಷಕ್ಕೆ ಕಂತು 40,231, ಬಡ್ಡಿ 94.83 ಲಕ್ಷ. ಅಂದರೆ 20ರಿಂದ 30ಕ್ಕೆ ಹೋದರೆ ಕಂತಿನಲ್ಲಿ ಉಳಿಯುವುದು ತಿಂಗಳಿಗೆ 4,755. ಅದಕ್ಕಾಗಿ ನೀವು ಹೆಚ್ಚಿಗೆ ಕಟ್ಟುವ ಬಡ್ಡಿ ಸುಮಾರು 36.86 ಲಕ್ಷ. ಅವಧಿ ಒಂದೂವರೆ ಪಟ್ಟು ಆಯಿತು, ಕಂತು ಮಾತ್ರ ಹತ್ತರಲ್ಲಿ ಒಂದು ಪಾಲಿನಷ್ಟೇ ಇಳಿಯಿತು. ಅವಧಿಯನ್ನು ಎಳೆದಷ್ಟೂ ಕಂತು ಇಳಿಯುವುದು ಕಡಿಮೆಯಾಗುತ್ತ ಹೋಗುತ್ತದೆ, ಏಕೆಂದರೆ ಮೊದಲ ತಿಂಗಳ ಬಡ್ಡಿಯೇ 37,500. ನೂರು ವರ್ಷಕ್ಕೆ ಸಾಲ ಕೊಟ್ಟರೂ ಕಂತು ಅದಕ್ಕಿಂತ ಕೆಳಗೆ ಇಳಿಯಲಾರದು.

ಈ 37,500 ಎಲ್ಲಿಂದ ಬಂತು ಎನ್ನುವುದು ತಿಳಿದರೆ ಉಳಿದದ್ದೆಲ್ಲ ತಾನಾಗಿ ಬಿಚ್ಚಿಕೊಳ್ಳುತ್ತದೆ. ಆ ತಿಂಗಳು ಬಾಕಿ ಇರುವ ಅಸಲನ್ನು ವಾರ್ಷಿಕ ದರದಿಂದ ಗುಣಿಸಿ 12ರಿಂದ ಭಾಗಿಸಿ: 50 ಲಕ್ಷ × 0.09 ÷ 12. ಕಂತಿನಲ್ಲಿ ಮೊದಲು ಇದು ಕಳೆಯುತ್ತದೆ, ಉಳಿದದ್ದು ಮಾತ್ರ ಅಸಲಿಗೆ ಜಮಾ. 20 ವರ್ಷದ ಸಾಲದಲ್ಲಿ ಮೊದಲ ಕಂತಿನಿಂದ ಅಸಲಿಗೆ ಹೋಗುವುದು 7,486. ಮುಂದಿನ ತಿಂಗಳು ಬಾಕಿ ಅಷ್ಟು ಕಡಿಮೆ, ಬಡ್ಡಿಯೂ ಕೂದಲೆಳೆಯಷ್ಟು ಕಡಿಮೆ. ಮೊದಲ ವರ್ಷ ನೀವು ಕಟ್ಟುವುದು ಸುಮಾರು 5.40 ಲಕ್ಷ, ಸಾಲ ಇಳಿಯುವುದು 94 ಸಾವಿರಕ್ಕೂ ತುಸು ಕಡಿಮೆ. ಐದು ವರ್ಷ ಕಟ್ಟಿದ ಮೇಲೂ ಬಾಕಿ 44.35 ಲಕ್ಷ. ಹತ್ತು ವರ್ಷಕ್ಕೆ 35.51 ಲಕ್ಷ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ದಾಟುವುದು 149ನೇ ಕಂತಿನಲ್ಲಿ. ಸಾಲ ಅರ್ಧಕ್ಕೆ ಬರಲು ಸರಿಯಾಗಿ 14 ವರ್ಷ ಬೇಕು.

ಬ್ಯಾಂಕಿನವರು ಮೊದಲೇ ಬಡ್ಡಿ ಹಿಂಡಿಕೊಳ್ಳುತ್ತಾರೆ ಎಂಬ ದೂರು ಇದನ್ನು ನೋಡಿಯೇ ಹುಟ್ಟಿದ್ದು. ಅಲ್ಲಿ ಮೋಸವಿಲ್ಲ. ಬಾಕಿ ದೊಡ್ಡದಿದ್ದಾಗ ಬಡ್ಡಿ ದೊಡ್ಡದು, ಅಷ್ಟೇ. ಆದರೆ ಇದರಿಂದ ಒಂದು ವಿಷಯ ಸ್ಪಷ್ಟ: ನಿಮ್ಮ ಒಟ್ಟು ಖರ್ಚನ್ನು ತೀರ್ಮಾನಿಸುವುದು ಕಂತಿನ ಮೊತ್ತವಲ್ಲ, ಎಷ್ಟು ಬಾಕಿ ಎಷ್ಟು ಕಾಲ ಕೂತಿತ್ತು ಎಂಬುದು. ಪ್ರತಿ ಬಾರಿ ನೋಡಬೇಕಾದ ಅಂಕಿ ಬಾಕಿಯೇ.

ಲೆಕ್ಕವನ್ನು ನೀವೇ ಹಾಕಿಕೊಳ್ಳಿ, ಒಂದು ಸ್ಪ್ರೆಡ್‌ಶೀಟ್ ಸಾಕು. ಕಂತು ಕಂಡುಹಿಡಿಯಲು ಅದರಲ್ಲೇ ಪಿಎಂಟಿ (PMT) ಎಂಬ ಸೂತ್ರವಿದೆ, ಅದಕ್ಕೆ ತಿಂಗಳ ದರ (0.09 ÷ 12), ಕಂತುಗಳ ಸಂಖ್ಯೆ (240), ಸಾಲದ ಮೊತ್ತ ಕೊಡಬೇಕು. ವಾರ್ಷಿಕ ದರವನ್ನು 12ರಿಂದ ಭಾಗಿಸಲು ಮರೆಯುವುದೇ ಇಲ್ಲಿ ಸಾಮಾನ್ಯ ತಪ್ಪು. ಆಮೇಲೆ ನಾಲ್ಕು ಕಾಲಂ: ತಿಂಗಳ ಆರಂಭದ ಬಾಕಿ, ಬಡ್ಡಿ, ಅಸಲು, ತಿಂಗಳ ಕೊನೆಯ ಬಾಕಿ. ಒಂದು ಸಾಲು ಬರೆದು ಕೆಳಗೆ 240 ಸಾಲು ಎಳೆಯಿರಿ. ಕೊನೆಯ ಬಾಕಿ ಸೊನ್ನೆಯಾದರೆ ಲೆಕ್ಕ ಸರಿ. ಐದನೆಯ ಕಾಲಂ ಒಂದನ್ನು ಹೆಚ್ಚುವರಿ ಪಾವತಿಗೆ ಖಾಲಿ ಬಿಟ್ಟಿರಿ, ಮುಂದೆ ಬೇಕಾಗುತ್ತದೆ. ಬ್ಯಾಂಕಿನಿಂದಲೂ ಮರುಪಾವತಿ ಪಟ್ಟಿ ಕೇಳಿ ಪಡೆದು ಎರಡನ್ನೂ ಪಕ್ಕದಲ್ಲಿಟ್ಟು ನೋಡಿ. ತಾಳೆಯಾಗದಿದ್ದರೆ ಏಕೆ ಎಂದು ಸಹಿ ಹಾಕುವ ಮುಂಚೆಯೇ ಕೇಳುವುದು ಸುಲಭ.

ತಾಳೆಯಾಗದಿರಲು ಈ ಎರಡು ಕಾರಣ ಇರಬಹುದು. ಒಂದು, ಬಾಕಿಯನ್ನು ತಿಂಗಳಿಗೊಮ್ಮೆ ಇಳಿಸದೆ ವರ್ಷಕ್ಕೊಮ್ಮೆ ಇಳಿಸುವ ಪದ್ಧತಿ. ಆಗ ಅದೇ ಶೇ 9, ಅದೇ 20 ವರ್ಷಕ್ಕೆ ಕಂತು 45,644 ಆಗುತ್ತದೆ. ಒಟ್ಟು ಹೆಚ್ಚುವರಿ ಸುಮಾರು 1.58 ಲಕ್ಷ. ಇನ್ನೊಂದು ಫ್ಲ್ಯಾಟ್ ದರ. ಇದರಲ್ಲಿ ಬಾಕಿ ಇಳಿಯುವುದನ್ನು ಲೆಕ್ಕಕ್ಕೇ ತೆಗೆದುಕೊಳ್ಳದೆ ಮೂಲ ಮೊತ್ತದ ಮೇಲೆಯೇ ಪೂರ್ತಿ ಅವಧಿಗೆ ಬಡ್ಡಿ ಹಾಕುತ್ತಾರೆ. 50 ಲಕ್ಷಕ್ಕೆ ಫ್ಲ್ಯಾಟ್ ಶೇ 6 ಎಂದರೆ 20 ವರ್ಷಕ್ಕೆ ಬಡ್ಡಿ 60 ಲಕ್ಷ, ಕಂತು 45,833. ಕೇಳಲು ಆರು, ಕಟ್ಟುವಾಗ ಒಂಬತ್ತೂಕಾಲು. ದರ ಹೇಳಿದವರನ್ನು ‘ಇಳಿಯುವ ಬಾಕಿಯ ಮೇಲೋ, ಫ್ಲ್ಯಾಟೋ’ ಎಂದು ಒಂದೇ ಮಾತು ಕೇಳಿ.

ಈಗ ಎಲ್ಲರೂ ಎಡವುವ ಜಾಗಕ್ಕೆ ಬರೋಣ: ಬದಲಾಗುವ ದರ. ದರ ಏರಿದಾಗ ಬ್ಯಾಂಕಿನ ಮುಂದೆ ಎರಡು ದಾರಿ ಇರುತ್ತವೆ, ಕಂತು ಏರಿಸುವುದು ಅಥವಾ ಅವಧಿ ಉದ್ದ ಮಾಡುವುದು. ನೀವು ಏನೂ ಹೇಳದೆ ಸುಮ್ಮನಿದ್ದರೆ ಬಹಳ ಕಡೆ ಎರಡನೆಯದು ನಡೆದುಹೋಗುತ್ತದೆ. ಖಾತೆಯಿಂದ ಹೋಗುವ ಮೊತ್ತ ಅಷ್ಟೇ ಇರುವುದರಿಂದ ಯಾರಿಗೂ ಸುಳಿವು ಸಿಗುವುದಿಲ್ಲ. ನಿಮ್ಮ ಸಾಲದಲ್ಲೇ ನೋಡಿ: ಒಂದು ವರ್ಷ ಕಟ್ಟಿದ ಮೇಲೆ ಬಾಕಿ 49.06 ಲಕ್ಷ, ಉಳಿದ ಕಂತು 228. ಆಗ ದರ ಶೇ 10 ಆಗಿ ಕಂತು ಹಾಗೇ ಉಳಿಯಿತು ಎನ್ನಿ. ಉಳಿದ ಕಂತುಗಳು 228ರಿಂದ 289ಕ್ಕೆ ಜಿಗಿಯುತ್ತವೆ. ಐದು ವರ್ಷ ಹೆಚ್ಚು, ಸುಮಾರು 27 ಲಕ್ಷ ಹೆಚ್ಚು. ಅದರ ಬದಲು ಕಂತನ್ನೇ 48,144ಕ್ಕೆ ಏರಿಸಿಕೊಂಡಿದ್ದರೆ ಅವಧಿ ಬದಲಾಗುತ್ತಿರಲಿಲ್ಲ, ಹೆಚ್ಚುವರಿ ಖರ್ಚು ಸುಮಾರು 7.2 ಲಕ್ಷಕ್ಕೆ ನಿಲ್ಲುತ್ತಿತ್ತು. ಒಂದೇ ಏರಿಕೆ, ಎರಡು ಬಗೆಯ ಉತ್ತರ, ನಡುವೆ 20 ಲಕ್ಷದ ಅಂತರ.

ದರ ಶೇ 11 ಮುಟ್ಟಿತು ಎನ್ನಿ. ಆ ಬಾಕಿಯ ಮೇಲೆ ತಿಂಗಳ ಬಡ್ಡಿ 44,975. ನಿಮ್ಮ ಕಂತು 44,986. ಅಸಲಿಗೆ ಉಳಿಯುವುದು ಹನ್ನೊಂದು. ಅದಕ್ಕಿಂತ ಚೂರು ಏರಿದರೂ ಕಂತು ಬಡ್ಡಿಗೇ ಸಾಲದು, ಕಟ್ಟುತ್ತಾ ಇದ್ದರೂ ಸಾಲ ಬೆಳೆಯುತ್ತದೆ. ಆದ್ದರಿಂದ ದರ ಬದಲಾದ ಸೂಚನೆ ಬಂದ ದಿನವೇ ಹೊಸ ಪಟ್ಟಿ ಕೇಳಿ, ಉಳಿದ ಕಂತುಗಳ ಸಂಖ್ಯೆ ನೋಡಿ, ಕಂತು ಏರಿಸಿ ಎಂದು ಬರಹದಲ್ಲಿ ತಿಳಿಸಿ. 30 ವರ್ಷದ ಸಾಲದಲ್ಲಿ ಈ ಅಪಾಯ ಇನ್ನೂ ಬೇಗ ಬರುತ್ತದೆ, ಅಲ್ಲಿ ಶುರುವಿನಲ್ಲೇ ಕಂತಿಗೂ ಬಡ್ಡಿಗೂ ಇರುವ ಅಂತರ ಬರೀ 2,731.

ಮುಂಗಡ ಪಾವತಿಯ ಗಣಿತ ಇದರ ಕನ್ನಡಿ ಪ್ರತಿಬಿಂಬ. ಒಂದನೆಯ ವರ್ಷದ ಕೊನೆಗೆ 2 ಲಕ್ಷ ಅಸಲಿಗೆ ಕಟ್ಟಿ ಕಂತನ್ನು ಹಾಗೇ ಬಿಟ್ಟರೆ ಇಪ್ಪತ್ತೆರಡೂವರೆ ತಿಂಗಳಷ್ಟು ಕಂತು ತಪ್ಪುತ್ತದೆ, ಉಳಿಯುವ ಬಡ್ಡಿ ಸುಮಾರು 8.1 ಲಕ್ಷ. ಅದೇ 2 ಲಕ್ಷ ಹತ್ತನೆಯ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 2.7 ಲಕ್ಷ. ದೊಡ್ಡ ಮೊತ್ತ ಕೈಗೆ ಬರಲಿ ಎಂದು ಕಾಯಬೇಕಾಗಿಯೂ ಇಲ್ಲ: ಮೊದಲ ತಿಂಗಳಿನಿಂದ ಕಂತಿನ ಜೊತೆ 5,000 ಹೆಚ್ಚು ಹಾಕುತ್ತ ಹೋದರೆ ಸಾಲ 186 ಕಂತಿಗೆ ತೀರುತ್ತದೆ. ನಾಲ್ಕೂವರೆ ವರ್ಷ ಮುಂಚೆ, ಬಡ್ಡಿಯಲ್ಲಿ 15 ಲಕ್ಷದಷ್ಟು ಉಳಿತಾಯ.

ಇಲ್ಲಿ ಕೆಡುವುದು ಹೇಗೆ? ಹೆಚ್ಚುವರಿ ಹಣವನ್ನು ಕೆಲವು ಕಡೆ ಅಸಲಿಗೆ ಜಮಾ ಮಾಡದೆ ಮುಂದಿನ ಕಂತಿನ ಮುಂಗಡ ಎಂದು ಇಟ್ಟುಕೊಳ್ಳುತ್ತಾರೆ. ಅದರಿಂದ ನಿಮಗೆ ನಯಾಪೈಸೆ ಪ್ರಯೋಜನವಿಲ್ಲ. ಇನ್ನು ಕೆಲವು ಕಡೆ ಅಸಲು ಇಳಿಸುತ್ತಾರೆ, ಆದರೆ ಅವಧಿ ಹಾಗೇ ಬಿಟ್ಟು ಕಂತನ್ನು ಕಡಿಮೆ ಮಾಡುತ್ತಾರೆ. ಆಗ ಉಳಿತಾಯ ಇದೆ, ಮೇಲೆ ಹೇಳಿದಷ್ಟು ಇಲ್ಲ. ‘ಅಸಲಿಗೆ ಜಮಾ ಮಾಡಿ, ಅವಧಿ ಇಳಿಸಿ’ ಎಂದು ಎರಡನ್ನೂ ಬರೆದುಕೊಡಬೇಕು, ಮುಂದಿನ ತಿಂಗಳ ವಿವರಪಟ್ಟಿಯಲ್ಲಿ ಬಾಕಿ ನಿಜಕ್ಕೂ ಇಳಿದಿದೆಯೇ ನೋಡಬೇಕು. ಮುಂಗಡ ಪಾವತಿಗೆ ದಂಡ ಇದೆಯೇ, ವರ್ಷಕ್ಕೆ ಇಷ್ಟೇ ಬಾರಿ ಎಂಬ ಮಿತಿ ಇದೆಯೇ ಎಂಬುದು ಒಪ್ಪಂದದಲ್ಲಿರುತ್ತದೆ. ದರ ಕಾಲು ಶೇಕಡಾ ಕಡಿಮೆ ಇದ್ದು ದಂಡ ಬಿಗಿಯಾಗಿರುವ ಸಾಲಕ್ಕಿಂತ, ದಂಡವಿಲ್ಲದ ಸಾಲವನ್ನೇ ನಾನು ಆರಿಸುತ್ತೇನೆ.

ಶುಲ್ಕಗಳನ್ನು ದರದೊಳಗೆ ಸೇರಿಸಿ ನೋಡಿ. ಪ್ರೊಸೆಸಿಂಗ್ ಶುಲ್ಕ ಶೇ 1 ಎಂದರೆ ನಿಮ್ಮ ಕೈಗೆ ಬರುವುದು 49.5 ಲಕ್ಷ, ಕಂತು ಮಾತ್ರ 50 ಲಕ್ಷದ್ದು. 20 ವರ್ಷಕ್ಕೆ ಹಂಚಿದರೆ ನಿಜವಾದ ದರ ಸುಮಾರು ಶೇ 9.14. ಮೂರ್ನಾಲ್ಕು ವರ್ಷದಲ್ಲೇ ಸಾಲ ತೀರಿಸುವವರಿಗೆ ಅದೇ ಶುಲ್ಕ ಇನ್ನೂ ಭಾರ. ಸಾಲದ ಜೊತೆ ಅಂಟಿಸಿ ಕೊಡುವ ಒಂದೇ ಕಂತಿನ ವಿಮೆಯ ಬಗ್ಗೆ ವಿಶೇಷ ಎಚ್ಚರ: 1 ಲಕ್ಷದ ವಿಮಾ ಕಂತನ್ನು ಸಾಲಕ್ಕೇ ಸೇರಿಸಿದರೆ 20 ವರ್ಷದಲ್ಲಿ ನೀವು ಅದಕ್ಕೆ ಕಟ್ಟಿರುವುದು 2.16 ಲಕ್ಷ. ವಿಮೆ ಬೇಡ ಎನ್ನುತ್ತಿಲ್ಲ. ವಿಮೆಯನ್ನು ಸಾಲ ಮಾಡಿ ಕೊಳ್ಳಬೇಡಿ ಎನ್ನುತ್ತಿದ್ದೇನೆ. ಕಟ್ಟುತ್ತಿರುವ ಮನೆಗೆ ಹಂತ ಹಂತವಾಗಿ ಹಣ ಬಿಡುಗಡೆಯಾಗುವಾಗ ಬರೀ ಬಡ್ಡಿ ಕಟ್ಟುವ ಅವಧಿಯೂ ಹೀಗೆಯೇ, ಆ ತಿಂಗಳುಗಳಲ್ಲಿ ಅಸಲು ಒಂದು ಬಿಡಿಗಾಸೂ ಇಳಿಯುವುದಿಲ್ಲ. ಮನೆ ತಡವಾದಷ್ಟೂ ಆ ಖರ್ಚು ನಿಮ್ಮದೇ.

ಕಡಿಮೆ ದರಕ್ಕೆ ಬೇರೆ ಕಡೆ ಸಾಲ ವರ್ಗಾಯಿಸಿಕೊಳ್ಳುವಾಗಿನ ಬಲೆ ಬೇರೆ. ಐದು ವರ್ಷದ ನಂತರ 44.35 ಲಕ್ಷ ಬಾಕಿಯನ್ನು ಶೇ 8.5ಕ್ಕೆ ಒಯ್ದಿರಿ, ಉಳಿದ 15 ವರ್ಷವನ್ನೇ ಇಟ್ಟುಕೊಂಡಿರಿ ಎನ್ನಿ. ಕಂತು 43,677, ಒಟ್ಟು ಉಳಿತಾಯ ಸುಮಾರು 2.36 ಲಕ್ಷ, ಅದರಲ್ಲಿ ವರ್ಗಾವಣೆಯ ಶುಲ್ಕ ಕಳೆಯಿರಿ. ಆದರೆ ಹೊಸ ಸಾಲ ಎಂದು ಮತ್ತೆ 20 ವರ್ಷಕ್ಕೆ ಬರೆಸಿಕೊಂಡರೆ ಕಂತು 38,491ಕ್ಕೆ ಇಳಿದು ಮನಸ್ಸು ಹಗುರಾಗುತ್ತದೆ, ಒಟ್ಟು ಪಾವತಿ ಮಾತ್ರ ಹಳೆಯ ಸಾಲಕ್ಕಿಂತ 11.4 ಲಕ್ಷ ಹೆಚ್ಚು. ದರ ಇಳಿದಿದೆ, ಖರ್ಚು ಏರಿದೆ.

ಇಷ್ಟು ಹೇಳಿದ ಮೇಲೆ ಎದುರು ಪಕ್ಷದ ಮಾತೂ ಹೇಳಬೇಕು. 58 ಲಕ್ಷ ಬಡ್ಡಿ ಎಂಬ ಅಂಕಿ ಹೆದರಿಸುವಷ್ಟು ನಿಜವಲ್ಲ, ಏಕೆಂದರೆ ಅದರಲ್ಲಿ ಇಪ್ಪತ್ತು ವರ್ಷದ ಆಚೆಯ ಹಣವನ್ನೂ ಇವತ್ತಿನ ಹಣವನ್ನೂ ಒಂದೇ ಎಂದು ಕೂಡಿಸಲಾಗಿದೆ. ಹಣದುಬ್ಬರ ವರ್ಷಕ್ಕೆ ಶೇ 5 ಎಂದಿಟ್ಟುಕೊಂಡರೆ ಕೊನೆಯ ವರ್ಷದ 44,986ರ ಕಂತಿಗೆ ಇವತ್ತಿನ ಬೆಲೆ ಹದಿನೇಳು ಸಾವಿರದ ಆಸುಪಾಸು. 240 ಕಂತನ್ನೂ ಹೀಗೆ ಇವತ್ತಿನ ಬೆಲೆಗೆ ಇಳಿಸಿ ಕೂಡಿದರೆ ಸುಮಾರು 68 ಲಕ್ಷ, 1.08 ಕೋಟಿ ಅಲ್ಲ. ಈ ಲಾಭ ಸಿಗುವುದು ನಿಮ್ಮ ಆದಾಯವೂ ಬೆಲೆಗಳ ಜೊತೆ ಏರಿದರೆ ಮಾತ್ರ, ಅದೂ ನೆನಪಿರಲಿ. ಮುಂಗಡ ಕಟ್ಟುವುದೋ ಹೂಡಿಕೆ ಮಾಡುವುದೋ ಎಂಬ ಪ್ರಶ್ನೆಗೂ ಇದೇ ತಕ್ಕಡಿ: ಮುಂಗಡ ಪಾವತಿ ಎಂದರೆ ಸಾಲದ ದರದಷ್ಟೇ ಖಚಿತ ಗಳಿಕೆ. ತೆರಿಗೆ ಕಳೆದು ಅದಕ್ಕಿಂತ ಹೆಚ್ಚು ಕೊಡುವ, ಅಷ್ಟೇ ಖಚಿತವಾದ ಹೂಡಿಕೆ ಸಿಗುವುದು ಅಪರೂಪ. ಗೃಹಸಾಲದ ಬಡ್ಡಿಗೆ ತೆರಿಗೆ ವಿನಾಯಿತಿ ಇದ್ದಲ್ಲಿ ಮಾತ್ರ ಹೋಲಿಸುವ ಮುಂಚೆ ಸಾಲದ ದರದಿಂದ ಅಷ್ಟನ್ನು ಕಳೆಯಿರಿ. ಆದರೆ ಆರು ತಿಂಗಳ ಕಂತು ಮತ್ತು ಮನೆಖರ್ಚು ಕೈಯಲ್ಲಿ ಇಟ್ಟುಕೊಳ್ಳದೆ ಮುಂಗಡ ಕಟ್ಟಬೇಡಿ. ಸಾಲಕ್ಕೆ ಹಾಕಿದ ಹಣ ಕಷ್ಟಕಾಲಕ್ಕೆ ವಾಪಸು ಸಿಗುವುದಿಲ್ಲ.

ಮನೆಯ ತೆರಿಗೆ, ದುರಸ್ತಿ, ನಿರ್ವಹಣೆ, ನೋಂದಣಿ ಇವೆಲ್ಲ ಸಾಲದ ಖರ್ಚಲ್ಲ, ಮನೆಯ ಖರ್ಚು. ಆದರೂ ಕಂತು ಎಷ್ಟು ತಡೆದುಕೊಳ್ಳಬಲ್ಲಿರಿ ಎಂದು ನೋಡುವಾಗ ಅವನ್ನು ಮೊದಲೇ ತೆಗೆದಿಡಿ.

ಈಗ ನಿಮ್ಮ ಪ್ರಶ್ನೆಗೆ ನೇರ ಉತ್ತರ. ಕಂತು 30 ವರ್ಷದ್ದೇ ಕಟ್ಟುತ್ತ ಹೋಗುವುದಾದರೆ ಅದು ಲಾಭವಲ್ಲ, 37 ಲಕ್ಷದ ನಷ್ಟ. ಆದರೆ ಎರಡೂ ಅವಧಿಗೆ ದರ ಒಂದೇ ಆಗಿದ್ದು ಮುಂಗಡ ಪಾವತಿಗೆ ದಂಡವಿಲ್ಲದಿದ್ದರೆ, 30 ವರ್ಷಕ್ಕೇ ಬರೆಸಿಕೊಂಡು ತಿಂಗಳಿಗೆ 44,986 ಕಟ್ಟುತ್ತ ಹೋಗಬಹುದು. ಆ ಹೆಚ್ಚುವರಿ 4,755 ಪ್ರತಿ ತಿಂಗಳೂ ಅಸಲಿಗೇ ಜಮಾ ಆದರೆ ಸಾಲ 20 ವರ್ಷಕ್ಕೇ ತೀರುತ್ತದೆ, ಬಡ್ಡಿಯೂ ಅಷ್ಟೇ. ಕೆಲಸ ಹೋದ ತಿಂಗಳು ಮಾತ್ರ 40,231ಕ್ಕೆ ಇಳಿದರೂ ಯಾರೂ ಕೇಳುವುದಿಲ್ಲ. ಇದು ನಡೆಯಬೇಕಾದರೆ ಆ 4,755 ಸಂಬಳದ ಮರುದಿನವೇ ಖಾತೆಯಿಂದ ತಾನಾಗಿ ಹೋಗುವಂತೆ ಬ್ಯಾಂಕಿಗೆ ಸ್ಥಾಯಿ ಸೂಚನೆ ಕೊಟ್ಟಿರಬೇಕು. ‘ತಿಂಗಳ ಕೊನೆಗೆ ಉಳಿದರೆ ಕಟ್ಟುತ್ತೇನೆ’ ಎನ್ನುವವರು ಈಗಲೇ 20 ವರ್ಷಕ್ಕೆ ಸಹಿ ಹಾಕುವುದು ಒಳ್ಳೆಯದು.