ವ್ಹೀಲ್‌ಚೇರ್ ಮ್ಯಾರಥಾನ್‌ನಲ್ಲಿ ನನ್ನ ಮಗಳಿಗೆ ಮಾದರಿಯಾಗಬಲ್ಲವರು ಯಾರು?

ಕಾರವಾರದಲ್ಲಿ ಗಾಲಿಕುರ್ಚಿಯಲ್ಲಿ ಅಭ್ಯಾಸ ಮಾಡುತ್ತಿರುವ ಮಗಳಿಗಾಗಿ ತಾವು ಇದನ್ನು ಕೇಳಿದ್ದೀರಿ. ನಾನು ಮೊದಲು ಹೇಳುವ ಹೆಸರು ಅಮೆರಿಕದ ಟಟಿಯಾನಾ ಮೆಕ್‌ಫ್ಯಾಡನ್.

ಹುಟ್ಟಿನಿಂದಲೇ ಬೆನ್ನುಹುರಿಯ ದೋಷವಿದ್ದ ಅವರು ರಷ್ಯಾದ ಅನಾಥಾಲಯವೊಂದರಲ್ಲಿ, ಗಾಲಿಕುರ್ಚಿಯೂ ಇಲ್ಲದ ಕಾರಣ ಕೈಗಳನ್ನೇ ಊರಿ ನಡೆದಾಡುತ್ತ ಬೆಳೆದರು; ಆರನೆಯ ವಯಸ್ಸಿನಲ್ಲಿ ಅಮೆರಿಕದ ಮಹಿಳೆಯೊಬ್ಬರು ಅವರನ್ನು ದತ್ತು ಪಡೆದರು. 2004ರ ಅಥೆನ್ಸ್ ಪ್ಯಾರಾಲಿಂಪಿಕ್ಸ್‌ನಲ್ಲಿ, 15ರ ಹರೆಯದಲ್ಲಿ, ಅವರು ಪದಕ ಗೆದ್ದದ್ದು ಮ್ಯಾರಥಾನಿನಲ್ಲಲ್ಲ, ಕಡಿಮೆ ದೂರದ ಓಟಗಳಲ್ಲಿ. ಮ್ಯಾರಥಾನ್ ಬಂದದ್ದು ಆಮೇಲೆ: 2009ರಲ್ಲಿ ಷಿಕಾಗೊ ಗೆದ್ದರು, 2013ರಲ್ಲಿ ಬಾಸ್ಟನ್, ಲಂಡನ್, ಷಿಕಾಗೊ, ನ್ಯೂಯಾರ್ಕ್ ನಾಲ್ಕನ್ನೂ ಒಂದೇ ವರ್ಷದಲ್ಲಿ ಗೆದ್ದರು. ಅದುವರೆಗೆ ಯಾರೂ ಮಾಡಿರದ ಈ ಸಾಧನೆಯನ್ನು ಮುಂದಿನ ಮೂರು ವರ್ಷಗಳಲ್ಲೂ ಅವರು ಪುನರಾವರ್ತಿಸಿದ್ದು ನನಗೆ ಇಂದಿಗೂ ಬೆರಗು.

ಮ್ಯಾರಥಾನಿನ 42.195 ಕಿ.ಮೀ. ಎಂದರೆ ಕಾರವಾರದಿಂದ ಹೊರಟು ಅಂಕೋಲಾ ದಾಟಿ ಇನ್ನೂ ಮುಂದೆ. ಮೂರು ಗಾಲಿಯ ಸ್ಪರ್ಧಾ ಕುರ್ಚಿಯಲ್ಲಿ ಮೈ ಮುಂದಕ್ಕೆ ಬಾಗಿಸಿ, ಗಟ್ಟಿ ಕೈಗವಸು ತೊಟ್ಟ ಮುಷ್ಟಿಯಿಂದ ಗಾಲಿಗೆ ಅಂಟಿದ ಸಣ್ಣ ಬಳೆಯನ್ನು ಗುದ್ದುತ್ತ ಅಷ್ಟು ದೂರ ಸಾಗಬೇಕು. ಆದ್ದರಿಂದ ತಮ್ಮ ಮಗಳೂ ಮೊದಲು ಕಡಿಮೆ ದೂರದಲ್ಲಿ ಆ ಗುದ್ದಿನ ಲಯವನ್ನು ಕಲಿಯಲಿ.