ಸಿಹಿ-ಖಾರದ ಚಾರಣ ಬುತ್ತಿ: ಅಂಟುವುದೇಕೆ, ಮೆತ್ತಗಾಗುವುದೇಕೆ?

ಮಳೆ ನಿಂತು ಕುಮಾರಪರ್ವತ, ತಡಿಯಂಡಮೋಳ್, ಕುದುರೆಮುಖದ ಕಡೆಗೆ ಚಾರಣಿಗರು ಹೊರಡುವ ಕಾಲ. ಬೀಜ, ಕಾಳು, ಒಣಹಣ್ಣು ಬೆರೆಸಿದ ಸಿಹಿ-ಖಾರದ ‘ಟ್ರೇಲ್ ಮಿಕ್ಸ್’ ಮನೆಯಲ್ಲೇ ಮಾಡಿಕೊಳ್ಳುವ ಬಗ್ಗೆ ಬಂದಿರುವ ಪ್ರಶ್ನೆಗಳಲ್ಲಿ ಕೆಲವನ್ನು ಇಲ್ಲಿ ಆರಿಸಿಕೊಂಡಿದ್ದೇವೆ.

ಪ್ರಶ್ನೆ: ನಮ್ಮ ಮನೆಯಲ್ಲಿ ಓವನ್ ಇಲ್ಲ. ಬಾಣಲೆಯಲ್ಲೇ ಏಳೆಂಟು ಜನಕ್ಕೆ ಆಗುವಷ್ಟು ಮಾಡಲು ಅಳತೆ, ಕ್ರಮ ತಿಳಿಸಿ. (ತುಮಕೂರಿನ ಓದುಗರು)

ಉತ್ತರ: ಎಲ್ಲವನ್ನೂ ಒಟ್ಟಿಗೆ ಸುರಿದು ಸಿಹಿ ಖಾರ ಎರಡನ್ನೂ ಹಚ್ಚಲು ಹೋದರೆ ಮಿಶ್ರಣದ ರುಚಿ ಒಂದೇ ತೆರನಾಗುತ್ತದೆ. ಮೂರು ಭಾಗ ಬೇರೆ ಬೇರೆ ಮಾಡಿ ಕೊನೆಗೆ ಕೂಡಿಸುವುದು ಮೇಲು.

ಸಿಹಿ ಭಾಗಕ್ಕೆ ಕಡಲೆಬೀಜ 200 ಗ್ರಾಂ, ಬಾದಾಮಿ 100, ಗೋಡಂಬಿ 100, ಸಕ್ಕರೆ 100 ಗ್ರಾಂ, ನೀರು 3 ಊಟದ ಚಮಚ, ಮುಕ್ಕಾಲು ಟೀ ಚಮಚ ಪುಡಿ ಉಪ್ಪು, ಒಂದೂವರೆ ಟೀ ಚಮಚ ಬ್ಯಾಡಗಿ ಖಾರದ ಪುಡಿ. ಖಾರ ಭಾಗಕ್ಕೆ ಹುರಿಗಡಲೆ 75 ಗ್ರಾಂ, ಸಿಹಿಗುಂಬಳದ ಬೀಜ 50, ಸೂರ್ಯಕಾಂತಿ ಬೀಜ 25, ತೆಳ್ಳಗೆ ಹೆರೆದ ಒಣಕೊಬ್ಬರಿ 40, ಎರಡು ಎಸಳು ಕರಿಬೇವು, ಎಣ್ಣೆ 2 ಟೀ ಚಮಚ, ಚಿಟಿಕೆ ಇಂಗು, ಅರ್ಧರ್ಧ ಟೀ ಚಮಚ ಕಾಳುಮೆಣಸಿನ ಪುಡಿ, ಜೀರಿಗೆ ಪುಡಿ ಮತ್ತು ಗುಂಟೂರು ಖಾರದ ಪುಡಿ, ಒಂದು ಟೀ ಚಮಚ ಆಮ್‌ಚೂರ್, ಕಾಲು ಚಮಚ ಉಪ್ಪು. ಹಣ್ಣಿನ ಭಾಗಕ್ಕೆ ಒಣದ್ರಾಕ್ಷಿ 75 ಗ್ರಾಂ ಸಾಕು.

ಮೊದಲು ಕಡಲೆಬೀಜ ಆರಿಸಿ. ಮುರುಟಿದ್ದು, ಕಪ್ಪಾದದ್ದು, ಬೂಸ್ಟು ಹಿಡಿದದ್ದು ಒಂದೂ ಉಳಿಯಬಾರದು. ಬೂಸ್ಟಿನಿಂದ ಬರುವ ಅಫ್ಲಟಾಕ್ಸಿನ್ ಎಂಬ ವಿಷ ಹುರಿದರೂ ಪೂರ್ತಿ ಹೋಗುವುದಿಲ್ಲ. ದಪ್ಪ ತಳದ ಬಾಣಲೆಯಲ್ಲಿ ಪ್ರತಿಯೊಂದನ್ನೂ ಬೇರೆಯಾಗಿ ಹುರಿಯಿರಿ. ಸಣ್ಣ ಉರಿಯಲ್ಲಿ ಕಡಲೆಬೀಜಕ್ಕೆ 12ರಿಂದ 15 ನಿಮಿಷ, ಬಾದಾಮಿಗೆ 8ರಿಂದ 10, ಗೋಡಂಬಿಗೆ 5ರಿಂದ 6, ಕುಂಬಳಬೀಜ ಚಟಪಟ ಸಿಡಿಯುವವರೆಗೆ 3ರಿಂದ 4 ನಿಮಿಷ, ಸೂರ್ಯಕಾಂತಿ ಬೀಜಕ್ಕೂ ಅಷ್ಟೇ. ಹುರಿಗಡಲೆ ಮೊದಲೇ ಹುರಿದಿರುವುದರಿಂದ ಬಿಸಿಯಾದರೆ ಸಾಕು. ಬೇಕಾದ ಬಣ್ಣಕ್ಕಿಂತ ಒಂದು ಛಾಯೆ ಮೊದಲೇ ತಟ್ಟೆಗೆ ಸುರಿಯಿರಿ. ಬೀಜದೊಳಗಿನ ಎಣ್ಣೆ ಕಾದಿರುವುದರಿಂದ ಇಳಿಸಿದ ಮೇಲೂ ಬಣ್ಣ ಏರುತ್ತಲೇ ಇರುತ್ತದೆ. ಕಡಲೆಬೀಜದ ಸಿಪ್ಪೆ ಉಜ್ಜಿ, ಮೊರದಲ್ಲಿ ಕೇರಿ ತೆಗೆಯಲೇಬೇಕು. ಇಲ್ಲವಾದರೆ ಸಕ್ಕರೆ ಸಿಪ್ಪೆಗೆ ಹತ್ತಿ, ಸಿಪ್ಪೆಯೊಡನೆ ಉದುರಿಹೋಗುತ್ತದೆ.

ಈಗ ಸಕ್ಕರೆ, ನೀರು ಕುದಿಯಲು ಇಡಿ. ಗುಳ್ಳೆಗಳು ದೊಡ್ಡದಾಗಿ ನಿಧಾನವಾದಾಗ ಒಂದು ಹನಿ ತಣ್ಣೀರಿಗೆ ಬಿಟ್ಟು ನೋಡಿ. ಬೆರಳಲ್ಲಿ ಗಟ್ಟಿ ಉಂಡೆಯಾದರೆ ಹುರಿದ ಬಾದಾಮಿ, ಗೋಡಂಬಿ, ಕಡಲೆಬೀಜ ಒಟ್ಟಿಗೆ ಹಾಕಿ, ಸಟ್ಟುಗ ನಿಲ್ಲಿಸದೆ ತಿರುವಿ. ಎರಡು ಮೂರು ನಿಮಿಷದಲ್ಲಿ ಪಾಕ ಮಾಯವಾಗಿ ಬೀಜದ ಮೇಲೆ ಬಿಳಿ ಮರಳಿನಂತೆ ಸಕ್ಕರೆ ಕಟ್ಟುತ್ತದೆ. ಇಲ್ಲೇ ಅನೇಕರು ಕೆಟ್ಟಿತೆಂದು ಗಾಬರಿಯಾಗಿ ನೀರು ಹಾಕಿಬಿಡುತ್ತಾರೆ. ಹಾಕಬೇಡಿ, ಅದು ಹಾಗೆಯೇ ಆಗಬೇಕು. ಸಣ್ಣ ಉರಿಯಲ್ಲಿ ಇನ್ನೆರಡು ಮೂರು ನಿಮಿಷ ತಿರುವಿದರೆ ಆ ಮರಳು ಅಲ್ಲಲ್ಲಿ ಕರಗಿ ಹೊಳಪು ಬರುತ್ತದೆ. ಅರ್ಧ ಮರಳು, ಅರ್ಧ ಹೊಳಪು ಇರುವಾಗ ಉರಿ ಆರಿಸಿ, ಕೂಡಲೇ ಉಪ್ಪು, ಬ್ಯಾಡಗಿ ಪುಡಿ ಉದುರಿಸಿ, ಕಲಸಿ, ಅಗಲ ತಟ್ಟೆಯಲ್ಲಿ ಹರಡಿ ಬಿಡಿಸಿ.

ಖಾರ ಭಾಗ ಸುಲಭ. ಕರಿಬೇವನ್ನು ಬಟ್ಟೆಯಲ್ಲಿ ಒರೆಸಿ ನೀರಿನಂಶ ಇಲ್ಲದಂತೆ ಮಾಡಿ, ಎಣ್ಣೆಯಲ್ಲಿ ಗರಿಗರಿಯಾಗಿಸಿ. ಅದೇ ಎಣ್ಣೆಗೆ ಕೊಬ್ಬರಿ ಹಾಕಿ ಅಂಚು ಕೆಂಪಾದ ಮೇಲೆ ಇಂಗು, ಹುರಿಗಡಲೆ, ಬೀಜಗಳನ್ನು ಹಾಕಿ ಉರಿ ಆರಿಸಿ. ಪುಡಿಗಳೆಲ್ಲ ಆಮೇಲೆ. ಎರಡೂ ಭಾಗ ಒಂದು ಗಂಟೆಯಾದರೂ ಆರಿದ ಮೇಲೆ ಕೂಡಿಸಿ. ಒಟ್ಟು ಮುಕ್ಕಾಲು ಕಿಲೋ ಆಗುತ್ತದೆ.

ಮಂಡಕ್ಕಿ, ಪೇಪರ್ ಅವಲಕ್ಕಿ ಹಾಕಬಹುದೇ ಎಂದೂ ಕೇಳಿದ್ದೀರಿ. ಮನೆಯಲ್ಲಿ ತಿನ್ನಲು ಹಾಕಿ. ಬೆನ್ನಚೀಲದಲ್ಲಿ ಎರಡು ಗಂಟೆಯಲ್ಲಿ ಪುಡಿಯಾಗುತ್ತವೆ.

ಪ್ರಶ್ನೆ: ಸಕ್ಕರೆ ಬೇಡವೆಂದು ಜೇನುತುಪ್ಪ ಹಾಕಿ ಮಾಡಿದೆ. ಬಿಸಿ ಇರುವಾಗ ಚೆನ್ನಾಗಿತ್ತು, ಮರುದಿನ ಡಬ್ಬಿಯಲ್ಲಿ ಒಂದೇ ಮುದ್ದೆ. ಬೆಲ್ಲದಲ್ಲಿ ಮಾಡಿದಾಗಲೂ ಕೈಗೆ ಅಂಟುತ್ತಿತ್ತು. ಎಲ್ಲಿ ತಪ್ಪಿದೆ? (ಮಂಗಳೂರಿನ ಓದುಗರು)

ಉತ್ತರ: ನಿಮ್ಮ ಊರಿನ ಗಾಳಿಗೆ ಜೇನು ಹೊಂದುವುದಿಲ್ಲ. ಜೇನಿನಲ್ಲಿ ಬಹುಪಾಲು ಫ್ರುಕ್ಟೋಸ್ ಮತ್ತು ಗ್ಲೂಕೋಸ್, ಜೊತೆಗೆ ಶೇಕಡ 17-18ರಷ್ಟು ನೀರು. ಫ್ರುಕ್ಟೋಸ್ ಗಾಳಿಯ ತೇವವನ್ನು ಎಳೆದುಕೊಳ್ಳುವುದರಲ್ಲಿ ಎಲ್ಲ ಸಕ್ಕರೆಗಳಿಗಿಂತ ಮುಂದು. ಎಷ್ಟು ಹುರಿದರೂ ಕರಾವಳಿಯ ತೇವದಲ್ಲಿ ಜೇನಿನ ಲೇಪ ಒಣಗಿ ನಿಲ್ಲದು.

ಬೆಲ್ಲದಲ್ಲೂ ಇದೇ ಜಾತಿಯ ಸಕ್ಕರೆಗಳು ಒಂದಿಷ್ಟು ಇರುತ್ತವೆ. ಆದ್ದರಿಂದಲೇ ಬೆಲ್ಲದ ಪಾಕ ಮರಳಿನಂತೆ ಹರಳು ಕಟ್ಟುವುದಿಲ್ಲ. ಆದರೆ ಚಿಕ್ಕಿಯ ಪಾಕದವರೆಗೆ ಕಾಯಿಸಿದರೆ ಬೆಲ್ಲವೂ ಗರಿಗರಿಯಾಗಿ ನಿಲ್ಲುತ್ತದೆ. 400 ಗ್ರಾಂ ಬೀಜಕ್ಕೆ 100 ಗ್ರಾಂ ಬೆಲ್ಲ, 2 ಊಟದ ಚಮಚ ನೀರು. ಕರಗಿದ ಮೇಲೆ ಸೋಸಿ, ಮಣ್ಣಿದ್ದರೆ ಹೋಗುತ್ತದೆ. ಮತ್ತೆ ಕಾಯಿಸಿ. ಹನಿಯನ್ನು ತಣ್ಣೀರಿಗೆ ಬಿಟ್ಟು ತೆಗೆದು ತಟ್ಟೆಗೆ ಹಾಕಿದರೆ ಟಣ್ ಎನ್ನಬೇಕು, ಮುರಿದರೆ ಟಕ್ಕೆಂದು ಮುರಿಯಬೇಕು. ಥರ್ಮಾಮೀಟರ್ ಇದ್ದವರಿಗೆ ಸುಮಾರು 146-150 ಡಿಗ್ರಿ ಸೆಲ್ಸಿಯಸ್. ನಿಮ್ಮದು ಬಹುಶಃ ಉಂಡೆ ಪಾಕದಲ್ಲೇ, ಅಂದರೆ 120ರ ಆಸುಪಾಸಿನಲ್ಲೇ ಇಳಿದಿದೆ. ಉಂಡೆ ಪಾಕ ತಂಬಿಟ್ಟಿಗೆ ಸರಿ, ಇದಕ್ಕೆ ಸಾಲದು. ಗಟ್ಟಿ ಪಾಕದಿಂದ ಕರಕಲಿಗೆ ಇರುವ ಅಂತರ ಅರ್ಧ ನಿಮಿಷವೂ ಅಲ್ಲ. ಹಾಗಾಗಿ ಕೊನೆಯಲ್ಲಿ ಉರಿ ಸಣ್ಣದಿರಲಿ, ಬೀಜ ಪಕ್ಕದಲ್ಲೇ ಬೆಚ್ಚಗಿರಲಿ. ತಣ್ಣನೆಯ ಬೀಜ ಹಾಕಿದರೆ ಪಾಕ ಬಾಣಲೆಯಲ್ಲೇ ಗಟ್ಟಿಯಾಗಿ ಕುಳಿತುಬಿಡುತ್ತದೆ.

ಪಾಕಕ್ಕೆ ನಿಂಬೆರಸ ಹಿಂಡಬೇಡಿ. ಕುದಿಯುವಾಗ ಹುಳಿಯು ಸಕ್ಕರೆಯನ್ನು ಒಡೆದು ಅದೇ ಗ್ಲೂಕೋಸ್, ಫ್ರುಕ್ಟೋಸ್ ಮಾಡುತ್ತದೆ. ಹುಳಿ ಬೇಕೆಂದರೆ ಕೊನೆಯಲ್ಲಿ ಒಣ ಆಮ್‌ಚೂರ್ ಉದುರಿಸಿ. ಮಳೆಗಾಲದಲ್ಲಿ, ಕರಾವಳಿಯಲ್ಲಿ ಮಾಡುವವರಿಗೆ ನಮ್ಮ ಸಲಹೆ ಮೇಲಿನ ಬಿಳಿ ಸಕ್ಕರೆಯ ಮರಳು ಲೇಪವೇ. ಹರಳು ಕಟ್ಟಿದ ಸಕ್ಕರೆ ಗಾಜಿನಂಥ ಪಾಕಕ್ಕಿಂತ ಎಷ್ಟೋ ನಿಧಾನವಾಗಿ ತೇವ ಹೀರುತ್ತದೆ.

ಈಗಾಗಲೇ ಮುದ್ದೆಯಾದ ಬೆಲ್ಲದ ಮಿಶ್ರಣವನ್ನು ಎಸೆಯಬೇಡಿ. ಸಣ್ಣ ಉರಿಯಲ್ಲಿ ಬೆಚ್ಚಗೆ ಮಾಡಿ, ಕೈಗೆ ತುಪ್ಪ ಸವರಿ ಉಂಡೆ ಕಟ್ಟಿ. ಚಾರಣಕ್ಕೆ ಉಂಡೆಯೂ ಒಳ್ಳೆಯ ಬುತ್ತಿ.

ಪ್ರಶ್ನೆ: ಖಾರದ ಪುಡಿ ಕಪ್ಪಾಗಿ ಕಹಿ ಬರುತ್ತದೆ. ಕಹಿ ಇಲ್ಲದಾಗ ಪುಡಿಯೆಲ್ಲ ಡಬ್ಬಿಯ ತಳ ಸೇರಿರುತ್ತದೆ. (ಹಾವೇರಿಯ ಓದುಗರು)

ಉತ್ತರ: ಎರಡಕ್ಕೂ ಕಾರಣ ಪುಡಿ ಹಾಕುವ ಹೊತ್ತು. ಕಾದ ಎಣ್ಣೆಗೆ ಬಿದ್ದ ಖಾರದ ಪುಡಿ ಕೆಲವೇ ಕ್ಷಣದಲ್ಲಿ ಸೀಯುತ್ತದೆ. ಆರಿದ ಬೀಜದ ಮೇಲೆ ಹಾಕಿದರೆ ಹಿಡಿಯಲು ಅದಕ್ಕೆ ಏನೂ ಇಲ್ಲ. ಉರಿ ಆರಿಸಿದ ಮೇಲೆ, ಆದರೆ ಬೀಜ ಮುಟ್ಟಲಾಗದಷ್ಟು ಬಿಸಿ ಇರುವಾಗ ಹಾಕಬೇಕು. ಖಾರದ ಸತ್ವ ಎಣ್ಣೆಯಲ್ಲಿ ಕರಗುವಂಥದ್ದು. ಆ ಬಿಸಿಯಲ್ಲಿ ಅದು ಬಿಟ್ಟುಕೊಂಡು ಎಲ್ಲ ಕಡೆ ಸಮನಾಗಿ ಹರಡುತ್ತದೆ. 100 ಗ್ರಾಂ ಬೀಜಕ್ಕೆ ಒಂದು ಟೀ ಚಮಚ ಎಣ್ಣೆ ಮೀರಬಾರದು. ಮೀರಿದರೆ ಜಿಡ್ಡು. ಉಪ್ಪನ್ನೂ ಖಾರದ ಪುಡಿಯೊಡನೆ ಮಿಕ್ಸಿಯಲ್ಲಿ ನುಣ್ಣಗೆ ಮಾಡಿ ಜರಡಿ ಹಿಡಿಯಿರಿ. ದಪ್ಪ ಹರಳು ಅಂಟುವುದಿಲ್ಲ, ಉದುರುತ್ತದೆ.

ಬ್ಯಾಡಗಿ ನಿಮ್ಮ ಜಿಲ್ಲೆಯದೇ. 2011ರಲ್ಲಿ ಭೌಗೋಳಿಕ ಸೂಚಕ ಮಾನ್ಯತೆ ಪಡೆದ ಈ ಸುಕ್ಕು ಮೆಣಸಿನಕಾಯಿಗೆ ಬಣ್ಣ ಹೆಚ್ಚು, ಖಾರ ಕಡಿಮೆ. ಸಿಹಿಯ ಜೊತೆ ಇದರಷ್ಟು ಚೆನ್ನಾಗಿ ಕೂಡುವ ಮೆಣಸಿನಕಾಯಿ ಬೇರೊಂದಿಲ್ಲ. ಮೂರು ಪಾಲು ಬ್ಯಾಡಗಿಗೆ ಒಂದು ಪಾಲು ಗುಂಟೂರು ಸೇರಿಸಿದರೆ ಬಣ್ಣ, ಖಾರ ಎರಡೂ ಸಿಗುತ್ತವೆ. ಸಿಹಿ ಮೊದಲು ನಾಲಿಗೆ ಹಿಡಿಯುವುದರಿಂದ ಖಾರ ತಡವಾಗಿ ಏಳುತ್ತದೆ. ರುಚಿ ನೋಡಿ ಒಂದು ನಿಮಿಷ ಕಾದು, ಆಮೇಲೆ ಬೇಕಿದ್ದರೆ ಹೆಚ್ಚಿಸಿ. ನೀರು ಸಿಗದ ದಾರಿಗೆ ಹೋಗುವವರು ಖಾರ ಅರ್ಧಕ್ಕಿಳಿಸಲಿ.

ಪ್ರಶ್ನೆ: ದ್ರಾಕ್ಷಿ ಹಾಕಿದ ಎರಡೇ ದಿನಕ್ಕೆ ಗೋಡಂಬಿ ಮೆತ್ತಗಾಗುತ್ತದೆ. ಡಬ್ಬಿಯಂತೂ ಗಾಳಿಯಾಡದ್ದೇ. (ವಿಜಯಪುರದ ಓದುಗರು)

ಉತ್ತರ: ತೇವ ಹೊರಗಿನಿಂದ ಬಂದದ್ದಲ್ಲ, ದ್ರಾಕ್ಷಿಯಿಂದಲೇ ಬಂದದ್ದು. ಒಣದ್ರಾಕ್ಷಿಯಲ್ಲಿ ಶೇಕಡ 15ರಿಂದ 18ರಷ್ಟು ನೀರಿರುತ್ತದೆ, ಚೆನ್ನಾಗಿ ಹುರಿದ ಬೀಜದಲ್ಲಿ 2-3 ಮಾತ್ರ. ಒಂದೇ ಡಬ್ಬಿಯಲ್ಲಿಟ್ಟರೆ ಒದ್ದೆಯಿಂದ ಒಣಗಿದ್ದಕ್ಕೆ ನೀರು ಸರಿಯುತ್ತಲೇ ಇರುತ್ತದೆ. ದ್ರಾಕ್ಷಿ, ಖರ್ಜೂರ, ಅಂಜೂರವನ್ನು ಬೇರೆ ಪೊಟ್ಟಣದಲ್ಲಿಟ್ಟು ಹೊರಡುವ ಬೆಳಿಗ್ಗೆ ಬೆರೆಸಿ. ಒಂದಕ್ಕೊಂದು ಅಂಟದಂತೆ ಒಂದು ಚಮಚ ಹುರಿಗಡಲೆ ಹಿಟ್ಟು ಸವರಬಹುದು. ಖರ್ಜೂರ ದ್ರಾಕ್ಷಿಗಿಂತ ಒದ್ದೆ. ನಾವಾದರೆ ಹಾಕುವುದಿಲ್ಲ.

ಪ್ರಶ್ನೆ: ಅಮೆರಿಕದಲ್ಲಿದ್ದೇವೆ. ಓವನ್‌ನಲ್ಲಿ ಮೊಟ್ಟೆಯ ಬಿಳಿ ಹಾಕಿ ಮಾಡುವ ವಿಧಾನದಲ್ಲಿ ಲೇಪ ಒಣಗುವ ಹೊತ್ತಿಗೆ ಬೀಜ ಕರಕಲಾಗುತ್ತದೆ. ಇಲ್ಲಿಯ ‘ಚಿಲಿ ಪೌಡರ್’ ಹಾಕಿದರೆ ರುಚಿಯೂ ಬೇರೆ. (ಟೆಕ್ಸಸ್‌ನ ಓದುಗರು)

ಉತ್ತರ: ಹುರಿದ ಬೀಜ ತಂದು ಬಳಸಿದ್ದೀರಿ ಅನ್ನಿಸುತ್ತದೆ. ಈ ವಿಧಾನಕ್ಕೆ ಹಸಿ ಬೀಜವೇ ಬೇಕು, ಹುರಿಯುವುದೂ ಲೇಪ ಒಣಗುವುದೂ ಒಟ್ಟಿಗೆ ಆಗಬೇಕು. ಒಂದು ಮೊಟ್ಟೆಯ ಬಿಳಿಗೆ ಒಂದು ಊಟದ ಚಮಚ ನೀರು ಸೇರಿಸಿ ನೊರೆ ಬರುವಂತೆ ಕಡೆದು, 400 ಗ್ರಾಂ ಬೀಜಕ್ಕೆ ಸವರಿ, 100 ಗ್ರಾಂ ಸಕ್ಕರೆ, ಉಪ್ಪು, ಮಸಾಲೆ ಬೆರೆಸಿ. ಬೇಕಿಂಗ್ ಪೇಪರ್ ಮೇಲೆ ಒಂದೇ ಪದರವಾಗಿ ಹರಡಿ 150 ಡಿಗ್ರಿ ಸೆಲ್ಸಿಯಸ್, ಅಂದರೆ 300 ಡಿಗ್ರಿ ಫ್ಯಾರನ್‌ಹೀಟ್‌ನಲ್ಲಿ 30-35 ನಿಮಿಷ. ಹತ್ತು ನಿಮಿಷಕ್ಕೊಮ್ಮೆ ಮಗುಚಿ. ಫ್ಯಾನ್ ಇರುವ ಓವನ್ ಆದರೆ 275 ಫ್ಯಾರನ್‌ಹೀಟ್‌ಗೆ ಇಳಿಸಿ. ಗೋಡಂಬಿಯನ್ನು ಹತ್ತು ನಿಮಿಷ ತಡವಾಗಿ ಸೇರಿಸಲು ಅದಕ್ಕೆ ಬೇಕಾದ ಲೇಪವನ್ನು ಬೇರೆ ಬೋಗುಣಿಯಲ್ಲಿ ಎತ್ತಿಟ್ಟುಕೊಳ್ಳಿ. ಬಿಸಿ ಇರುವಾಗ ಮೆತ್ತಗೇ ಇರುತ್ತದೆ. ಆರಿಸಿ ನೋಡದೆ ಮತ್ತೆ ಬೇಯಿಸಬೇಡಿ.

ಅಲ್ಲಿನ ‘ಚಿಲಿ ಪೌಡರ್’ ಬರೀ ಮೆಣಸಿನಕಾಯಿಯದಲ್ಲ. ಜೀರಿಗೆ, ಬೆಳ್ಳುಳ್ಳಿ, ಓರೆಗಾನೊ ಬೆರೆತ ಮಸಾಲೆ. ಬ್ಯಾಡಗಿ ಸಿಗದಿದ್ದರೆ ಮೂರು ಪಾಲು ಪಾಪ್ರಿಕಾಗೆ ಒಂದು ಪಾಲು ಕೆಯೆನ್ ಬಳಸಿ.

ಪ್ರಶ್ನೆ: ಒಬ್ಬರಿಗೆ ಎಷ್ಟು ಕಟ್ಟಬೇಕು, ಎಷ್ಟು ದಿನ ಇಡಬಹುದು? ಮಕ್ಕಳಿಗೂ ಕೊಡಬಹುದೇ? (ಶಿವಮೊಗ್ಗದ ಓದುಗರು)

ಉತ್ತರ: ಮಧ್ಯಾಹ್ನದ ಬುತ್ತಿ ಬೇರೆ ಇದ್ದರೆ, ಆರೇಳು ಗಂಟೆಯ ನಡಿಗೆಗೆ ಒಬ್ಬರಿಗೆ 80ರಿಂದ 100 ಗ್ರಾಂ. ಈ ಅಳತೆಯ ಮಿಶ್ರಣದಲ್ಲಿ 100 ಗ್ರಾಂಗೆ ಸುಮಾರು 500 ಕ್ಯಾಲರಿ ಇರುತ್ತದೆ. ಒಮ್ಮೆಗೇ ತಿನ್ನದೆ ಗಂಟೆಗೊಂದು ಮುಷ್ಟಿಯಂತೆ ತಿನ್ನಿ, ಏರುವಾಗ ಹೊಟ್ಟೆ ಭಾರವಾಗುವುದಿಲ್ಲ.

ದ್ರಾಕ್ಷಿ ಬೆರೆಸದಿದ್ದರೆ ಬಿಗಿ ಮುಚ್ಚಳದ ಸ್ಟೀಲ್ ಡಬ್ಬಿಯಲ್ಲಿ, ಬೆಳಕು ಬೀಳದ ಕಡೆ ಎರಡು ಮೂರು ವಾರ ಚೆನ್ನಾಗಿರುತ್ತದೆ. ಮೊದಲು ಕೆಡುವುದು ಅಕ್ರೋಟು. ಅದರ ಎಣ್ಣೆ ಬೇಗ ಕಮಟುತ್ತದೆ, ಆದ್ದರಿಂದ ನಮ್ಮ ಅಳತೆಯಲ್ಲಿ ಸೇರಿಸಿಲ್ಲ. ಕೊಬ್ಬರಿಗೆ ತೇವ ತಗುಲಿದರೆ ಸೋಪಿನಂಥ ರುಚಿ ಬರುತ್ತದೆ, ಬಂದರೆ ತಿನ್ನಬೇಡಿ. ಚಾಕೊಲೇಟ್ ಚೂರು ಹಾಕುವವರಿದ್ದಾರೆ. ಅದು 34 ಡಿಗ್ರಿಯ ಹತ್ತಿರ ಕರಗುತ್ತದೆ, ಬಿಸಿಲಲ್ಲಿ ಬೆನ್ನಿಗೆ ಹೊತ್ತ ಚೀಲದಲ್ಲಿ ನಿಲ್ಲದು.

ಐದು ವರ್ಷದೊಳಗಿನ ಮಕ್ಕಳಿಗೆ ಇಡೀ ಬೀಜ ಕೊಡಲೇಬೇಡಿ. ಗಂಟಲಿಗೆ ಸಿಕ್ಕಿಕೊಳ್ಳುವ ಅಪಾಯ ನಿಜವಾದದ್ದು. ಅವರಿಗೆ ಇದನ್ನೇ ನುಣ್ಣಗೆ ಪುಡಿ ಮಾಡಿ ಮೆತ್ತನೆಯ ಉಂಡೆ ಕಟ್ಟಿ. ದೊಡ್ಡ ಮಕ್ಕಳೂ ನಡೆಯುತ್ತಾ ತಿನ್ನದೆ ಕುಳಿತು ತಿನ್ನಲಿ. ಗುಂಪಿನಲ್ಲಿ ಹೊರಡುವ ಮುನ್ನ ಯಾರಿಗಾದರೂ ಕಡಲೆಬೀಜ, ಗೋಡಂಬಿ ಆಗುವುದಿಲ್ಲವೇ ಎಂದು ಕೇಳಿ. ಒಬ್ಬರಿಗೆ ಆಗದಿದ್ದರೂ ಹುರಿಗಡಲೆ, ಕುಂಬಳಬೀಜ, ಸೂರ್ಯಕಾಂತಿ ಬೀಜ, ಮಖಾನದಲ್ಲೇ ಇದೇ ಲೇಪ ಮಾಡಬಹುದು. ಆಗ ಬಾಣಲೆ, ಸಟ್ಟುಗ, ಡಬ್ಬಿ ಎಲ್ಲವೂ ಮೊದಲೇ ತೊಳೆದಿರಬೇಕು.